ದಡ್ಡಿಯ ಅಡುಗೆಮನೆಯ ಗೋಡೆ

ಅವರ ಎಡಗಣ್ಣು ಬಲಗಣ್ಣಿಗಿಂತ ತುಸು ಚಿಕ್ಕದಾಗಿ ಕಾಣುತ್ತಿತ್ತು. ಮೂವತ್ತು ವರ್ಷ ಅದನ್ನು ಮುಚ್ಚಿಕೊಂಡು ಇನ್ನೊಂದರಿಂದ ಕ್ಯಾಮೆರಾದೊಳಗೆ ನೋಡಿದ್ದರ ಗುರುತು. ಉಗುರಿನ ಸಂದಿಯಲ್ಲಿ ಸದಾ ಸುಣ್ಣವೋ ಬಣ್ಣವೋ ಇರುತ್ತಿತ್ತು. ಸಣ್ಣ ಸಿನಿಮಾಗಳಿಗೆ ಛಾಯಾಗ್ರಾಹಕರೂ ಅವರೇ, ಕಲಾ ನಿರ್ದೇಶಕರೂ ಅವರೇ. ಹುಕ್ಕೇರಿಯಲ್ಲಿ ಮದುವೆ ಫೋಟೊ ತೆಗೆಯುತ್ತಿದ್ದವರು ಸ್ಟುಡಿಯೊ ಮುಚ್ಚಿ ಈ ಕೆಲಸಕ್ಕೆ ಬಿದ್ದಿದ್ದರು. ನಾವೆಲ್ಲ ಅವರನ್ನು ಕಾಕಾ ಎನ್ನುತ್ತಿದ್ದೆವು.

ನಾನು ಗೋಕಾಕದ ಒಂದು ಶಾಲೆಯಲ್ಲಿ ಚಿತ್ರಕಲಾ ಶಿಕ್ಷಕಿ. ಒಂದು ಬೇಸಿಗೆ ರಜೆಯಲ್ಲಿ, "ಅಕ್ಕೋರ, ಶೂಟಿಂಗಿಗೆ ಒಂದ ಮನಿ ತಯಾರ ಮಾಡೂದೈತಿ, ಬರ್ತೀರೇನ್ರಿ?" ಎಂದು ಕಾಕಾ ಕರೆದರು. ಮನೆ ದಡ್ಡಿ ಎಂಬ ಊರಿನ ಒಬ್ಬ ಅಜ್ಜಿಯದು. ಕಾಕಾ ಸಾಮಾನು ತರಲು ಮೂಡಲಗಿಗೆ ಹೋಗಿದ್ದ ದಿನ, ಚೆನ್ನಾಗಿ ಕಾಣಲೆಂದು ನಾನು ಮಸಿ ಹಿಡಿದ ಅಡುಗೆಮನೆಯ ಗೋಡೆಗೆ ಸುಣ್ಣ ಬಳಿದುಬಿಟ್ಟೆ. ಅಜ್ಜಿಯನ್ನು ಕೇಳಬೇಕೆಂದು ನನಗೆ ತೋಚಲೇ ಇಲ್ಲ.

ಕಾಕಾ ಬಂದವರು ಬಾಗಿಲಲ್ಲೇ ನಿಂತರು. ಬೈಯಲಿಲ್ಲ.

"ಛಂದ ಆಗೇತ್ರಿ. ಆದ್ರ ಈ ಮನ್ಯಾಗ ಯಾರೂ ರೊಟ್ಟಿನ ಬಡದಿಲ್ಲೇನೋ ಅನಸಾಕತ್ತೈತಿ."

ಆಮೇಲೆ ಅಜ್ಜಿಯ ಮುಂದೆ ಕುಕ್ಕರಗಾಲಲ್ಲಿ ಕೂತು, "ಆಯಿ, ನಿಮ್ಮನ್ನ ಕೇಳದ ತಪ್ಪ ಮಾಡೇವಿ" ಎಂದರು. ತಪ್ಪು ನನ್ನೊಬ್ಬಳದು. ಅವರು 'ಮಾಡೇವಿ' ಎಂದದ್ದಕ್ಕೆ ನನಗೆ ಅಳು ಬಂತು.

"ಅಳಬ್ಯಾಡ ತಂಗಿ," ಅಜ್ಜಿ ನಕ್ಕರು. "ಒಲಿ ಹಚ್ಚತೇನಿ, ಮಸಿ ತಾನ ಬರತೈತಿ."

ನಾಲ್ಕು ದಿನ ಶೂಟಿಂಗ್ ನಿಲ್ಲಿಸಿ ಹಸಿ ಕಟ್ಟಿಗೆ ಉರಿಸಿದೆವು. ಅಜ್ಜಿ ಇಡೀ ತಂಡಕ್ಕೆ ರೊಟ್ಟಿ ಬಡಿದರು. ಹೊಗೆ ಮುಟ್ಟದ ಕಡೆಯೆಲ್ಲ ಕಾಕಾ ರೊಟ್ಟಿ ಹಂಚಿನ ಮಸಿಯನ್ನು ಬೆರಳಿನಿಂದ ತೀಡಿದರು. ಆಮೇಲೆ ಒಂದು ಲೈಟನ್ನೂ ಹಚ್ಚದೆ, ಬರೀ ಕಿಟಕಿಯ ಬೆಳಕಿನಲ್ಲಿ ಅಲ್ಲಿನ ದೃಶ್ಯಗಳನ್ನು ತೆಗೆದರು.

ಆ ಸಿನಿಮಾ ಯಾವ ಟಾಕೀಸಿಗೂ ಬರಲಿಲ್ಲ. "ನಾ ತಗದದ್ದನ್ನ ಯಾರ ನೋಡ್ಯಾರ್ರಿ, ಅಕ್ಕೋರ?" ಎಂದು ಒಮ್ಮೆ ಅಂಕಲಗಿಯ ಬಸ್ಸಿನಲ್ಲಿ ಕೇಳಿದರು.

ಎರಡು ಮಳೆಗಾಲ ಕಳೆದ ಮೇಲೆ ಘಟಪ್ರಭಾ ಉಕ್ಕಿ ಅಜ್ಜಿಯ ಮನೆ ಬಿತ್ತು. ನೀರಿಳಿದದ್ದೇ ಕಾಕಾ ಪ್ರೊಜೆಕ್ಟರ್ ಹೊತ್ತು ದಡ್ಡಿಗೆ ಹೊರಟರು, ಜೊತೆಗೆ ನಾನೂ. ಊರ ಶಾಲೆಯ ಕೋಣೆಯ ಕಿಟಕಿಗಳಿಗೆ ಜಮಖಾನ ಕಟ್ಟಿ, ಮಟಮಟ ಮಧ್ಯಾಹ್ನ ಸಿನಿಮಾ ಹಾಕಿದರು. ಅಡುಗೆಮನೆ ಕಂಡದ್ದೇ ಅಜ್ಜಿ ಎದ್ದು ಪರದೆಯ ಹತ್ತಿರ ಹೋದರು. ಒಲೆಯ ಪಕ್ಕದ ಜಾಗ ಮುಟ್ಟಿ, "ನಮ್ಮ ಮನಿಯವರು ಇಲ್ಲೇ ಕುಂದರತಿದ್ರು" ಎಂದರು. ಅಜ್ಜಿಯ ಗಂಡ ತೀರಿಹೋಗಿ ಎಷ್ಟೋ ವರ್ಷವಾಗಿತ್ತು.

"ತಮ್ಮಾ, ಇನ್ನೊಮ್ಮಿ ತೋರಸು."

ಕಾಕಾ ಮೂರು ಸಲ ತೋರಿಸಿದರು. ನಾಲ್ಕನೆಯ ಸಲಕ್ಕೆ ಕಣ್ಣು ತುಂಬಿ ಅವರಿಗೆ ಪ್ರೊಜೆಕ್ಟರಿನ ಗುಂಡಿ ಕಾಣಲಿಲ್ಲ. ನಾನೇ ಒತ್ತಿದೆ.

ಹೋದ ವರ್ಷ ಕಾಕಾ ಹುಕ್ಕೇರಿಯಲ್ಲಿ ತೀರಿಕೊಂಡರು. ಈಗ ರಜೆಗಳಲ್ಲಿ ಸಣ್ಣ ಸಿನಿಮಾಗಳಿಗೆ ನಾನೇ ಮನೆ ಸಿದ್ಧಮಾಡುತ್ತೇನೆ. ಮೊನ್ನೆ ಕಲ್ಲೋಳಿಯಲ್ಲಿ, ಬ್ರಶ್ ಹಿಡಿಯುವ ಮೊದಲು ಮನೆಯಾಕೆಯ ಎದುರು ಕೂತು ಕೇಳಿದೆ: "ಯವ್ವಾ, ಇಲ್ಲಿ ಏನೇನ ಮುಟ್ಟಬಾರದ್ರಿ?"

ಆಕೆ ನನ್ನ ಕೈ ಹಿಡಿದು ಒಳಗೆ ಕರೆದೊಯ್ದು, ಒಂದೊಂದಾಗಿ ತೋರಿಸತೊಡಗಿದರು.