ಎರಡು ಸಾಲು ಕುರ್ಚಿ

ಹೋದ ವಾರ ಒಬ್ಬ ಪೇದೆ ಬಂದು ನನ್ನ ಕೈಗೆ ಒಂದು ಕಾಗದ ಕೊಟ್ಟು, ಸಹಿ ಹಾಕಿಸಿಕೊಂಡು ಹೋದ. ಹಬ್ಬಗಳು ಹತ್ತಿರ ಬಂದಿವೆ, ಠಾಣೆಯಲ್ಲಿ ಶಾಂತಿ ಸಭೆ ಕರೆದಿದ್ದೇವೆ, ತಾವು ತಪ್ಪದೆ ಬರಬೇಕು ಎಂದು ಅದರಲ್ಲಿತ್ತು. ನನ್ನ ಹೆಸರಿನ ಮುಂದೆ ಕಂಸದಲ್ಲಿ ‘ಹಿಂದೂ ಮುಖಂಡರು’ ಎಂದು ಬರೆದಿದ್ದರು. ನಾನು ಮೂವತ್ತು ಚಿಲ್ಲರೆ ವರ್ಷ ಮಕ್ಕಳಿಗೆ ಗಣಿತ ಹೇಳಿಕೊಟ್ಟು ನಿವೃತ್ತನಾದ ಮೇಷ್ಟ್ರು. ಮನೆಯಲ್ಲಿ ಟಿ.ವಿ. ರಿಮೋಟು ಕೂಡ ನನ್ನ ಕೈಗೆ ಸಿಗುವುದಿಲ್ಲ. ಇಂಥವನು ಯಾವಾಗ ಮುಖಂಡನಾದ ಎಂದು ಹೆಂಡತಿ ನಕ್ಕಳು, ನಾನೂ ನಕ್ಕೆ. ಆದರೆ ಅವತ್ತು ಮಧ್ಯಾಹ್ನದ ಊಟ ಸೇರಲಿಲ್ಲ. ಇಂಥದ್ದೇ ಒಂದು ಕಾಗದ ಹಿಂದೊಮ್ಮೆ ನಮ್ಮಪ್ಪನಿಗೂ ಬಂದಿತ್ತು.

ನಮ್ಮಪ್ಪ ಬಸಪ್ಪ ಆನಗೋಡು ಕಡೆಯ ರೈತರ ಮನೆಯವನು. ಹತ್ತಿ ಗಿರಣಿಯಲ್ಲಿ ಕೆಲಸ ಸಿಕ್ಕಿ ದಾವಣಗೆರೆಗೆ ಬಂದು ವಿನೋಬನಗರದಲ್ಲಿ ಮನೆ ಮಾಡಿದ. ಪಾಳಿ ಮುಗಿದ ಮೇಲೆ ಅವನು ನೇರವಾಗಿ ಮನೆಗೆ ಬಂದದ್ದನ್ನು ನಾನು ಕಂಡಿಲ್ಲ. ಮೊದಲು ಗೌಸ್ ಸಾಬರ ಹೊಲಿಗೆ ಅಂಗಡಿಯ ಬೆಂಚಿನ ಮೇಲೆ ಅರ್ಧ ಗಂಟೆ ಕೂರಬೇಕು. ಇಬ್ಬರೂ ಅಂಥ ಮಾತುಗಾರರೇನಲ್ಲ. ಸಾಬರು ಅಂಗಿಯ ಗುಂಡಿಗಳಿಗೆ ಕಾಜಾ ಹಾಕುತ್ತಿದ್ದರೆ ಅಪ್ಪ ಇನ್ನೊಂದು ಸೂಜಿಗೆ ದಾರ ಪೋಣಿಸಿ ಕೊಡುತ್ತಿದ್ದ. ಅಪ್ಪನ ತಲೆಗೂದಲಿಗೆ ಅಂಟಿದ ಅರಳೆಯನ್ನು ಸಾಬರು ಒಂದೊಂದೇ ಎಳೆ ತೆಗೆಯುತ್ತಾ, “ಬಸಣ್ಣ, ಇದನ್ನೆಲ್ಲ ಕೂಡಿಟ್ಟಿದ್ರೆ ಇಷ್ಟೊತ್ತಿಗೆ ಒಂದು ಗಾದಿ ಆಗ್ತಿತ್ತು ನೋಡು” ಎನ್ನುತ್ತಿದ್ದರು. ದಿನವೂ ಅದೇ ಮಾತು, ದಿನವೂ ಅದೇ ನಗು. ಬೆಂಚಿನ ಮೇಲೆ ಪೇಪರು ಹಾಸಿ ಮಂಡಕ್ಕಿ, ಮೆಣಸಿನಕಾಯಿ. ಸಾಬರ ಮಗ ನಜೀರ ನನ್ನ ಓರಗೆಯವನು. ಮಂಡಕ್ಕಿಯ ತಳದಲ್ಲಿ ಉಳಿಯುವ ಶೇಂಗಾಕ್ಕೆ ಜಗಳವಾಡುತ್ತಲೇ ನಾವಿಬ್ಬರೂ ದೊಡ್ಡವರಾದೆವು.

ನಮ್ಮ ಬೀದಿಯ ಗಣಪತಿಯ ಪೆಂಡಾಲಿಗೆ ಪರದೆ ಹೊಲಿಯುತ್ತಿದ್ದವರು ಗೌಸ್ ಸಾಬರು. ಮೊಹರಮ್ಮಿನಲ್ಲಿ ಅಲಾಯಿ ದೇವರಿಗೆ ಮುಲ್ಲಾ ಸಾಬರಿಂದ ಸಕ್ಕರೆ ಓದಿಸಿಕೊಂಡು ಬರಲು ನಮ್ಮವ್ವ ಹೊಸ ಸೀರೆ ಉಟ್ಟು ಹೋಗುತ್ತಿದ್ದಳು. ನಾನು ಹುಟ್ಟಿದ್ದೇ ಆ ದೇವರಿಗೆ ಹರಕೆ ಹೊತ್ತ ಮೇಲೆ ಎಂದು ಅವಳ ನಂಬಿಕೆ. ಇದನ್ನೆಲ್ಲ ದೊಡ್ಡ ವಿಷಯ ಎಂದು ಹೇಳುತ್ತಿಲ್ಲ. ಆಗ ಅದು ದೊಡ್ಡ ವಿಷಯವಾಗಿರಲಿಲ್ಲ, ಅದಕ್ಕೇ ಹೇಳುತ್ತಿದ್ದೇನೆ. ಅದಕ್ಕೊಂದು ಹೆಸರಿದೆ ಎಂಬುದೇ ನನಗೆ ಗೊತ್ತಾದದ್ದು ಕಾಲೇಜಿಗೆ ಸೇರಿದ ಮೇಲೆ. ‘ಭಾವೈಕ್ಯ’ ಎಂಬ ವಿಷಯದ ಭಾಷಣ ಸ್ಪರ್ಧೆಯಲ್ಲಿ ನನಗೆ ಮೊದಲ ಬಹುಮಾನವಾಗಿ ಒಂದು ಸ್ಟೀಲಿನ ಟಿಫಿನ್ ಡಬ್ಬಿ ಬಂತು. ಕೈ ಎತ್ತಿ, ದನಿ ನಡುಗಿಸಿ ಏನೇನು ಹೇಳಿದ್ದೆನೋ! ಮುಂದಿನ ಸಾಲಿನಲ್ಲಿ ಕೂತು ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದವನು ನಜೀರ. ಅವನು ಎಸ್ಸೆಸ್ಸೆಲ್ಸಿಗೇ ಓದು ಬಿಟ್ಟು ಅಪ್ಪನ ಅಂಗಡಿಯಲ್ಲಿ ಕೂತಿದ್ದ. ನನ್ನ ಭಾಷಣ ಕೇಳಲೆಂದೇ ಬಂದಿದ್ದ.

ಎಂಬತ್ತರ ದಶಕದ ನಡುವಿನ ಒಂದು ವರ್ಷ ಗಣಪತಿಯೂ ಮೊಹರಮ್ಮೂ ಒಂದೇ ಹತ್ತು ದಿನಗಳಲ್ಲಿ ಬಂದವು. ಮುನ್ಸಿಪಾಲ್ಟಿ ಚುನಾವಣೆಯ ಗಾಳಿಯೂ ಎದ್ದಿತ್ತು. ಅಲ್ಲಿಯವರೆಗೆ ನಮ್ಮ ಗಣಪತಿ ಯಾವ ದಾರಿಯಲ್ಲಿ ಹೋಗುತ್ತದೆ ಎಂದು ಯಾರೂ ಕೇಳಿರಲಿಲ್ಲ. ಆ ವರ್ಷ ವಾರ್ಡಿನ ಮೆಂಬರು ಮೈಕು, ಬ್ಯಾಂಡು ಎಲ್ಲ ತಾನೇ ಕೊಡಿಸುತ್ತೇನೆಂದು ಹೇಳಿ, ಮೆರವಣಿಗೆಯ ದಾರಿಯನ್ನೂ ತಾನೇ ಗೊತ್ತುಮಾಡಿದ. ಆ ಕಡೆಯಲ್ಲೂ ಇಂಥವರೇ ಒಬ್ಬರಿದ್ದರು, ಅವರೂ ಹುಡುಗರನ್ನು ಕೂಡಿಸಿಕೊಂಡು ಮಾತಾಡತೊಡಗಿದ್ದರು. ಆಗ ಅಪ್ಪನಿಗೂ ಗೌಸ್ ಸಾಬರಿಗೂ ಠಾಣೆಯಿಂದ ಕಾಗದ ಬಂತು. ಬೀದಿಗೆ ಇಬ್ಬರು ಹಿರಿಯರು ಬೇಕು, ಒಬ್ಬರು ಈ ಕಡೆಯವರು, ಒಬ್ಬರು ಆ ಕಡೆಯವರು. ಅಪ್ಪನಿಗೆ ಒಳಗೊಳಗೇ ಹೆಮ್ಮೆ. ಸಾಬರು ಒಂದೇ ದಿನದಲ್ಲಿ ಅವನಿಗೊಂದು ಕಂದು ಕೋಟು ಹೊಲಿದುಕೊಟ್ಟರು. ಇಬ್ಬರೂ ಒಂದೇ ಸೈಕಲ್ಲಿನಲ್ಲಿ ಸಭೆಗೆ ಹೋದರು.

ಸಭೆಯಲ್ಲಿ ನಡೆದದ್ದನ್ನು ಅಪ್ಪ ಅವತ್ತು ಊಟಕ್ಕೆ ಕೂತಾಗ ಹೇಳಿದ. ಕುರ್ಚಿಗಳನ್ನು ಎದುರು ಬದುರಾಗಿ ಎರಡು ಸಾಲು ಹಾಕಿದ್ದರಂತೆ. ಇವನು ಹೋಗಿ ಅಭ್ಯಾಸಬಲದಿಂದ ಸಾಬರ ಪಕ್ಕ ಕೂತ. ಪೇದೆಯೊಬ್ಬ ಬಂದು ಮೆಲ್ಲಗೆ, “ಯಜಮಾನ್ರ, ಈ ಕಡೆ ಬರ್ರಿ. ಅದು ಅವರ ಸಾಲು” ಎಂದನಂತೆ.

“ಇಪ್ಪತ್ತು ವರ್ಷ ಒಂದೇ ಬೆಂಚಿನ ಮ್ಯಾಲೆ ಕುಂತೀವಿ. ಇವತ್ತು ಗೊತ್ತಾತು ನೋಡು, ನಮ್ದು ಎರಡು ಸಾಲು ಅಂತ” ಎಂದು ಅಪ್ಪ ನಕ್ಕ. ಅವ್ವ ನಗಲಿಲ್ಲ.

ಸಭೆಯ ಕೊನೆಗೆ ಇನ್ಸ್‌ಪೆಕ್ಟರ್ ಸಾಹೇಬರು ಇನ್ನೊಂದು ಕೆಲಸ ಹೇಳಿದ್ದರು. ನಿಮ್ಮ ನಿಮ್ಮ ಕಡೆಯ ಬಿಸಿರಕ್ತದ ಹುಡುಗರ ಹೆಸರು ಬರೆದುಕೊಡಿ, ಹಬ್ಬಕ್ಕೆ ಮೊದಲು ಕರೆದು ಬುದ್ಧಿ ಹೇಳುತ್ತೇವೆ ಎಂದು. ಮಾರನೆಯ ದಿನ ಅಂಗಡಿಯ ಬೆಂಚಿನ ಮೇಲೆ ಆ ಪಟ್ಟಿ ತಯಾರಾಯಿತು. ನಾನೂ ನಜೀರನೂ ಅಲ್ಲೇ ಇದ್ದೆವು. ಅಪ್ಪ ಪೆನ್ನಿನ ಮುಚ್ಚಳ ತೆಗೆದ, ಮತ್ತೆ ಹಾಕಿದ.

“ಯಾರ ಹೆಸ್ರು ಬರೀಲೋ ಗೌಸಣ್ಣ? ಮಂದಿ ಮಕ್ಕಳ ಹೆಸ್ರು ಬರದು ನನ್ನ ಮಗನ್ನ ಬಿಟ್ರೆ ಅವರಿಗೆ ಮುಖ ಹೆಂಗೆ ತೋರಿಸ್ಲಿ?”

“ಹಂಗಾದ್ರೆ ಮೊದಲು ನಿನ್ನ ಮಗಂದು ಬರಿ. ನಾನು ನಜೀರಂದು ಬರೀತೀನಿ. ಬುದ್ಧಿ ತಾನೆ ಹೇಳ್ತಾರೆ? ಹೇಳ್ಲಿ ಬಿಡು, ನಮ್ಮ ಮಾತಂತೂ ಇವು ಕೇಳಲ್ಲ” ಎಂದರು ಸಾಬರು.

ಬರೆದರು. ಎರಡನೆಯ ಹೆಸರು ಇಬ್ಬರಿಗೂ ಬರೆಯಲು ಕೈ ಬರಲಿಲ್ಲ. ಹಾಗಾಗಿ ನಮ್ಮ ಬೀದಿಯಿಂದ ಒಂದೊಂದೇ ಹೆಸರಿನ ಎರಡು ಪಟ್ಟಿ ಠಾಣೆಗೆ ಹೋದವು. ನಾನೂ ನಜೀರನೂ ಬಿಸಿರಕ್ತದವರೆಂದು ಸರ್ಕಾರಿ ದಾಖಲೆಗೆ ಸೇರಿದ್ದಕ್ಕೆ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಬುದ್ಧಿ ಹೇಳಲು ಯಾರೂ ಕರೆಯಲಿಲ್ಲ.

ಮೆರವಣಿಗೆಯ ದಿನ ಊರಿನ ಇನ್ನೊಂದು ತುದಿಯಲ್ಲಿ ಕಲ್ಲು ಬಿದ್ದವು. ಯಾರು ಎಸೆದರು ಎನ್ನುವುದಕ್ಕೆ ಇವತ್ತಿಗೂ ಎರಡು ಕತೆಗಳಿವೆ. ಆ ಹೊತ್ತಿನಲ್ಲಿ ನಾವಿಬ್ಬರೂ ನಮ್ಮ ಬೀದಿಯಲ್ಲಿ ಪೆಂಡಾಲಿನ ಪರದೆ ಬಿಚ್ಚಿ ಮಡಚುತ್ತಿದ್ದೆವು. ಮರುದಿನ ಬೆಳಗ್ಗೆ ಒಂಬತ್ತಕ್ಕೆ ಜೀಪು ಬಂತು. ಪಟ್ಟಿ ನೋಡಿದರು, ಇಬ್ಬರನ್ನೂ ಹತ್ತಿಸಿಕೊಂಡರು.

ಠಾಣೆಯ ಪಡಸಾಲೆಯಲ್ಲಿ ಬೇರೆ ಬೇರೆ ಬೀದಿಗಳ ಇಪ್ಪತ್ತು ಮೂವತ್ತು ಹುಡುಗರಿದ್ದರು. ನಾವಿಬ್ಬರೂ ಗೋಡೆಗೆ ಒರಗಿ ತೊಡೆಗೆ ತೊಡೆ ತಾಗಿಸಿ ಕೂತೆವು. ನಜೀರ ನನ್ನ ಮೊಣಕಾಲಿನ ಮೇಲೆ ಕೈಯಿಟ್ಟು, “ಅಂಜಬ್ಯಾಡಲೇ, ನಾನಿದೀನಲ್ಲ” ಎಂದ. ಮಧ್ಯಾಹ್ನ ನಾಲ್ಕರ ಹೊತ್ತಿಗೆ ಮೆಂಬರು ಬಂದ. ಬಿಳಿ ಅಂಗಿ, ಕೈಯಲ್ಲೊಂದು ಚೀಟಿ. ಒಳಗೆ ಹೋಗಿ ಸಾಹೇಬರ ಜೊತೆ ಮಾತಾಡಿ ಹೊರಗೆ ಬಂದು ನಿಂತು, “ಎಲ್ಲಿ, ನಮ್ಮ ಹುಡುಗ್ರು ಯಾರ್ಯಾರು ಅದೀರಿ? ಏಳ್ರಪ್ಪಾ” ಎಂದ.

ನಾನು ಎದ್ದೆ.

ನೀವು ನನ್ನ ಪರವಾಗಿ ಏನಾದರೂ ಹೇಳಲು ಹೊರಟಿದ್ದರೆ ಬೇಡ. ಆಗಿನ್ನೂ ಹತ್ತೊಂಬತ್ತು ವರ್ಷ, ಹೆದರಿದ್ದೆ, ಇವೆಲ್ಲ ನನಗೂ ಗೊತ್ತು. ‘ಇವನೂ ನಮ್ಮವನೇ’ ಎಂಬ ಎರಡು ಮಾತು ಸಾಕಿತ್ತು. ತುಂಬಿದ ಸಭೆಯಲ್ಲಿ ಕೈ ಎತ್ತಿ ಮಾತಾಡಿ ಡಬ್ಬಿ ಗೆದ್ದವನ ಬಾಯಿಂದ ಅದು ಹೊರಡಲಿಲ್ಲ. ಪ್ಯಾಂಟಿನ ಧೂಳು ಕೊಡವಿಕೊಂಡು ನಾಲ್ಕು ಹೆಜ್ಜೆ ಇಟ್ಟೆ. ಹಿಂದಿನಿಂದ ನಜೀರ ನನ್ನ ಚಪ್ಪಲಿಯನ್ನು ಕಾಲಿನಿಂದ ಮುಂದಕ್ಕೆ ತಳ್ಳಿ, “ಚಪ್ಲಿ ಬಿಟ್ಟು ಹೊಂಟ್ಯಲ್ಲೋ” ಎಂದ. ತಿರುಗಿ ಅವನ ಮುಖ ನೋಡದೆ ಮೆಟ್ಟಿಕೊಂಡು ಬಂದುಬಿಟ್ಟೆ.

ಅವನು ಹೊರಗೆ ಬಂದದ್ದು ಆರು ದಿನಗಳಾದ ಮೇಲೆ. ಅಷ್ಟರಲ್ಲಿ ಅಪ್ಪ ನನ್ನನ್ನು ಒಂದೇ ಒಂದು ಸಲ ಕೇಳಿದ: “ನೀನು ಎದ್ದು ಬರೋವಾಗ ನಜೀರ ಎಲ್ಲಿದ್ದ?”

“ಬೇರೆ ಕೋಣ್ಯಾಗೆ ಇದ್ದ. ನಾನು ನೋಡ್ಲಿಲ್ಲ” ಎಂದೆ. ಅಪ್ಪ ನಂಬಿದ ಎಂದುಕೊಂಡೆ.

ಜಗಳ ಆಗಲಿಲ್ಲ, ಮಾತು ನಿಲ್ಲಲಿಲ್ಲ. “ಪಟ್ಟಿ ಇಬ್ರೂ ಕೂಡೇ ಬರದ್ವಿ ಬಸಣ್ಣ, ಯಾರನ್ನ ಬೈಯೋದು?” ಎಂದಿದ್ದರು ಸಾಬರು. ಆದರೆ ಮರುವರ್ಷ ಪೆಂಡಾಲಿನ ಪರದೆ ಬೇರೆ ಎಲ್ಲಿಂದಲೋ ಬಂತು, ಅದರ ಮೇಲೆ ಮೆಂಬರಿನ ಹೆಸರು ದೊಡ್ಡದಾಗಿತ್ತು. ಅವ್ವ ಸಕ್ಕರೆ ಓದಿಸಲು ಹೋಗಲಿಲ್ಲ. ನೋಡಿದವರು ಏನಂತಾರೋ ಎಂದಳು. ಅಂಗಡಿಗೆ ಬರುವ ಗಿರಾಕಿಗಳು ಕಡಿಮೆಯಾದರು. ಅದೇ ವರ್ಷ ಗೌಸ್ ಸಾಬರು ಮನೆಯವರನ್ನು ಕರೆದುಕೊಂಡು ಹರಿಹರಕ್ಕೆ ಹೋಗಿ, ಕಾರ್ಖಾನೆ ಕೆಲಸಗಾರರಿಗೆ ಸಮವಸ್ತ್ರ ಹೊಲಿಯತೊಡಗಿದರು. ಅಪ್ಪ ಪಾಳಿ ಮುಗಿಸಿ ನೇರವಾಗಿ ಮನೆಗೆ ಬರತೊಡಗಿದ. ಅರ್ಧ ಗಂಟೆ ಮುಂಚೆ ಬಂದವನಿಗೆ ಏನು ಮಾಡಬೇಕೆಂದು ತಿಳಿಯುತ್ತಿರಲಿಲ್ಲ.

ಅಪ್ಪನೂ ಸಾಬರೂ ತೀರಿಕೊಂಡು ಬಹಳ ಕಾಲವಾಯಿತು. ಹರಿಹರ ಏನು ದೂರ, ಬಸ್ಸಿನಲ್ಲಿ ಅರ್ಧ ಗಂಟೆ. ಮದುವೆ ಮುಂಜಿಗೆ ಎಷ್ಟು ಸಲ ಹೋಗಿಲ್ಲ! ನಜೀರನ ಬೀದಿಗೆ ಮಾತ್ರ ಹೋಗಿರಲಿಲ್ಲ. ಪೇದೆ ಬಂದು ಹೋದ ಮೂರನೆಯ ದಿನ ಹೋದೆ. ಕನ್ನಡಕ ಹಾಕಿ ಮಿಷನ್ನಿನ ಮುಂದೆ ಕೂತಿದ್ದ. ಗಡ್ಡ ಪೂರ್ತಿ ಬೆಳ್ಳಗಾಗಿತ್ತು. ನೋಡಿದ ಕೂಡಲೇ, “ಬಾರೋ ಮೇಷ್ಟ್ರೇ, ಕೂಡು” ಎಂದ, ನಿನ್ನೆ ಮೊನ್ನೆ ಸಿಕ್ಕವನಿಗೆ ಹೇಳುವ ಹಾಗೆ.

ನಾನು ಕೂರದೆ ನಿಂತೇ ಎಲ್ಲ ಹೇಳಿದೆ. ಎದ್ದು ಬಂದದ್ದು, ಬಾಯಿ ಬಿಡದೇ ಇದ್ದದ್ದು, ಅಪ್ಪನಿಗೆ ಸುಳ್ಳು ಹೇಳಿದ್ದು. ಅವನು ಮಿಷನ್ನು ನಿಲ್ಲಿಸಿ ಕೇಳಿಸಿಕೊಂಡ.

“ಗೊತ್ತೈತೆ. ಬಸಣ್ಣ ಕಾಕಾ ಒಂದ್ಸಲ ಇಲ್ಲಿಗೆ ಬಂದಿದ್ರು. ‘ನೀನು ಬೇರೆ ಕೋಣ್ಯಾಗೆ ಇದ್ದ್ಯಂತೆ, ನನ್ನ ಮಗ ನಿನ್ನ ನೋಡ್ಲಿಲ್ಲಂತೆ, ಹೌದೇನೋ ನಜೀರ’ ಅಂತ ಕೇಳಿದ್ರು. ‘ಹೌದು ಕಾಕಾ, ಬೇರೆ ಕೋಣ್ಯಾಗೆ ಇದ್ದೆ’ ಅಂದೆ.”

ಅಲ್ಲೇ ಇದ್ದ ಸ್ಟೂಲಿನ ಮೇಲೆ ಕೂತೆ. ಇಷ್ಟು ವರ್ಷ ನನ್ನನ್ನು ನಾನೇ ಕೇಳಿಕೊಂಡದ್ದನ್ನು ಅವನನ್ನು ಕೇಳಿದೆ: “ನಾನು ಅವತ್ತು ಹೇಳಿದ್ರೆ ನಿನ್ನ ಬಿಡ್ತಿದ್ರೇನೋ, ನಜೀರ?”

ಅವನು ಕನ್ನಡಕ ತೆಗೆದು ಅಂಗಿಯ ತುದಿಯಿಂದ ಒರೆಸಿಕೊಂಡ.

“ಇಲ್ಲ ಬಿಡು, ಬಿಡ್ತಿರ್ಲಿಲ್ಲ. ಆದ್ರೆ ಅಲ್ಲಿ ಆರು ದಿನ ಕುಂತು ನೆನಸ್ಕೊಳ್ಳಾಕೆ ನನಗೆ ಅದೊಂದು ಮಾತಾದ್ರೂ ಇರ್ತಿತ್ತು.”