ಅವ್ವ ಸಾರಿಸಿದ ಅಂಗಳ

ಬೆಳಗ್ಗೆ ಬಾಗಿಲು ತೆರೆದರೆ ನನ್ನ ಹುಲ್ಲುಹಾಸೇ ಇರಲಿಲ್ಲ! ಅದಿದ್ದ ಜಾಗದಲ್ಲಿ ಸಗಣಿ ಸಾರಿಸಿದ ನೆಲ, ನಡುವೆ ದೊಡ್ಡ ರಂಗೋಲಿ. ಹಿಂದಿನ ದಿನವಷ್ಟೇ ನನ್ನ ತವರೂರು ಕುರ್ಡಿಯಿಂದ ಬಂದಿದ್ದ ಅವ್ವ, ಕಳೆ ಕೀಳುವ ಕುರ್ಪಿ ಹಿಡಿದು ನಗುತ್ತ ನಿಂತಿದ್ದಳು.

ಅದು ನಿಜಾಮರ ಕಾಲದ ರಾಯಚೂರು. ಗಂಡನ ಕಚೇರಿಯವರು ಕೊಟ್ಟ ಮನೆಯ ಮುಂದೆ ಒಣಗಿಹೋಗಿದ್ದ ಆ ಹುಲ್ಲಿಗೆ ಬೇಸಿಗೆಯೆಲ್ಲ ಬಾವಿಯ ನೀರು ಹೊತ್ತು, ಬೋಳಾದಲ್ಲೆಲ್ಲ ಕರಕಿ ಹುಲ್ಲಿನ ಬೇರು ಊರಿ, ಹಸಿರು ಮಾಡಿದವಳು ನಾನು.

“ಯವ್ವಾ, ಏನ್ ಮಾಡಿದಿ ಇದು?” ಎಂದೆ.

“ಅಂಗಳದಾಗ ಹುಲ್ಲು ಬೆಳದ್ರ ಆ ಮನ್ಯಾಗ ಯಾರೂ ಇಲ್ಲ ಅಂತಾರ. ನೀ ಅದಿಯಲ್ಲವ್ವಾ ಇಲ್ಲಿ?” ಎಂದಳು ಅವ್ವ.

ಅವಳ ಬೆರಳು ಗೀರಿ ರಕ್ತ ಒಸರಿತ್ತು. ಬೈಯಬೇಕೋ, ಆ ಕೈ ಹಿಡಿದುಕೊಳ್ಳಬೇಕೋ ತಿಳಿಯಲಿಲ್ಲ. ಹೊರಗೆ ಬಂದ ನಮ್ಮ ಮನೆಯವರೂ ಎಲ್ಲಿ ಕಾಲಿಡಬೇಕೋ ತೋಚದೆ, ಬೂಟು ಕೈಯಲ್ಲಿ ಹಿಡಿದು ರಂಗೋಲಿಯ ಅಂಚು ಬಳಸಿಕೊಂಡು ಕಚೇರಿಗೆ ಹೋದರು.

ಅವ್ವ ಊರಿಗೆ ಮರಳಿದ ಮೇಲೆ, ಸಾರಿಸಿದ ನೆಲವನ್ನು ಸೀಳಿಕೊಂಡು ರಂಗೋಲಿಯ ನಡುವೆಯೇ ಕರಕಿ ಚಿಗುರಿತು. ಒಂದು ಕೈಯಲ್ಲಿ ನೀರಿನ ಕೊಡ, ಇನ್ನೊಂದರಲ್ಲಿ ಅವ್ವ ಬಿಟ್ಟುಹೋದ ಕುರ್ಪಿ ಹಿಡಿದು, ಬಹಳ ಹೊತ್ತು ಅಲ್ಲೇ ನಿಂತಿದ್ದೆ.