ನೆನಪಿನಲ್ಲಿಲ್ಲದ ಓಟ

ನನ್ನ ಚಿಕಿತ್ಸಾ ಕೋಣೆಯ ಮಂಚದ ಉದ್ದ ಸರಿಯಾಗಿ ಆರು ಅಡಿ. ಹದಿನೈದು ವರ್ಷಗಳ ಹಿಂದೆ ಧಾರವಾಡದಿಂದ ಬಂದು, ಕಾಶಿಯ ಲಂಕಾ ಬಡಾವಣೆಯ ಪುಸ್ತಕದಂಗಡಿಗಳ ಹಿಂದಿನ ಗಲ್ಲಿಯಲ್ಲಿ ಫಿಸಿಯೋಥೆರಪಿಯ ಈ ಪುಟ್ಟ ಕೋಣೆಯನ್ನು ತೆರೆದಾಗ, ಮಂಚ ಮಾಡಿಕೊಟ್ಟ ಬಡಗಿ ಇದಕ್ಕಿಂತ ಉದ್ದದ ಮನುಷ್ಯ ಬನಾರಸದಲ್ಲೇ ಇಲ್ಲವೆಂದು ಆಣೆಯಿಟ್ಟು ಹೇಳಿದ್ದ. ಅವನ ಮಾತು ಬಹಳ ಕಾಲ ನಿಜವಾಗಿಯೇ ಇತ್ತು. ಹೋದ ಚಳಿಗಾಲದ ಒಂದು ಬೆಳಿಗ್ಗೆ ವೆಂಡೆಲ್ ಬಂದು ಮಲಗಿದಾಗ ಅವನ ಪಾದಗಳೆರಡೂ ಮಂಚದಾಚೆ ಗಾಳಿಯಲ್ಲಿ ನಿಂತವು. ನಾನು ಸ್ಟೂಲೊಂದನ್ನು ಎಳೆದು, ಅದರ ಮೇಲೆ ದಿಂಬಿಟ್ಟು, ಅವುಗಳಿಗೊಂದು ನೆಲೆ ಕಲ್ಪಿಸಬೇಕಾಯಿತು.

ವೆಂಡೆಲ್ ಅಮೆರಿಕದವನು, ಮೂವತ್ತೆಂಟು ವರ್ಷದವನು. ಸಾರನಾಥದ ಒಂದು ವಿಹಾರದಲ್ಲಿ ಧ್ಯಾನ ಕಲಿಯಲೆಂದು ಆರು ತಿಂಗಳಿಗೆ ಬಂದಿದ್ದ. ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂರಲಾಗದೆ ಪರದಾಡುತ್ತಿದ್ದವನನ್ನು ಅಲ್ಲಿಯವರೇ ಯಾರೋ ಆಟೋ ಹತ್ತಿಸಿ ನನ್ನಲ್ಲಿಗೆ ಕಳಿಸಿದ್ದರು. ಅವನ ಎಡ ಮೊಳಕಾಲನ್ನು ಮಡಿಸಿದಾಗ ಒಣಗಿದ ಬಾಗಿಲು ತೆರೆದಂಥ ಸದ್ದಾಯಿತು.

ಅವನ ಸರದಿಯ ಆಚೀಚೆ ಬರುತ್ತಿದ್ದವರು ಗಂಗಮ್ಮಜ್ಜಿ. ವಿಜಾಪುರದ ಕಡೆಯ ಹಳ್ಳಿಯವರು. ಗಂಡ ತೀರಿಕೊಂಡ ಮೇಲೆ ಜಂಗಮವಾಡಿಯಲ್ಲಿ ಕೋಣೆ ಹಿಡಿದು ಕಾಶಿವಾಸ ಮಾಡುತ್ತಿರುವವರು. ಆ ಸದ್ದು ಕೇಳಿ ಅವರು ಪರದೆಯ ಆಚೆಯಿಂದ ಇಣುಕಿದರು.

"ಏನವ್ವಾ ಇದು, ಈ ಹುಡುಗನ ಮೊಳಕಾಲು ನನ್ನವಕ್ಕಿಂತ ಮುದಿ ಆಗ್ಯಾವಲ್ಲ! ಏನು ಹೊತ್ತಿದ್ದಾನಂತ ಕೇಳು."

ನಾನು ಅದನ್ನು ಇಂಗ್ಲಿಷಿಗೆ ತಿರುಗಿಸಿ ಹೇಳಿದೆ. ವೆಂಡೆಲ್ ನಕ್ಕ. "ಒಂದು ಚೆಂಡು," ಎಂದ. "ಅಷ್ಟೇ."

ಆ ಚೆಂಡಿನ ಕತೆಯನ್ನು ಅವನು ವಾರಕ್ಕೆರಡು ಸಲದಂತೆ, ನನ್ನ ಹೆಬ್ಬೆರಳುಗಳು ಅವನ ಮೀನಖಂಡದ ಗಂಟುಗಳನ್ನು ಸಡಿಲಿಸುತ್ತಿರುವಾಗ, ಕಂತುಕಂತಾಗಿ ಹೇಳಿದ. ಅವರು ಫುಟ್‌ಬಾಲ್ ಎನ್ನುವ ಆಟ ನಮ್ಮದಲ್ಲ; ಅಲ್ಲಿ ಚೆಂಡನ್ನು ಒದೆಯುವುದಕ್ಕಿಂತ ಹೊತ್ತು ಓಡುವುದೇ ಹೆಚ್ಚು. ವೆಂಡೆಲ್ ರನ್ನಿಂಗ್ ಬ್ಯಾಕ್ ಆಗಿದ್ದ. ಅಂದರೆ, ಚೆಂಡನ್ನು ಎದೆಗವಚಿಕೊಂಡು, ಗೋಡೆಯಂತೆ ನಿಂತ ದೈತ್ಯರ ನಡುವೆ ಕಣ್ಣೆವೆ ಮುಚ್ಚುವಷ್ಟು ಹೊತ್ತು ಮಾತ್ರ ತೆರೆಯುವ ಸಂದೊಂದನ್ನು ಹುಡುಕಿ ನುಗ್ಗುವವನು. ಸಂದು ಸಿಕ್ಕರೆ ಮೈದಾನವೆಲ್ಲ ಎದ್ದು ನಿಂತು ಕೂಗುತ್ತದೆ. ಸಿಗದಿದ್ದರೆ ನಾಲ್ಕೈದು ಜನ ಮೈಮೇಲೆ ಬೀಳುತ್ತಾರೆ. ಎದ್ದು ಮಣ್ಣು ಕೊಡವಿಕೊಂಡು ಮತ್ತೆ ಅದೇ ಗೋಡೆಗೆ ನುಗ್ಗಬೇಕು.

ಇಪ್ಪತ್ತೆರಡನೆಯ ವಯಸ್ಸಿಗೆ ಅವನು ವೃತ್ತಿಪರ ತಂಡ ಸೇರಿದ. ಶಾಲೆಯ ಬಸ್ಸು ಓಡಿಸುತ್ತಿದ್ದ ಅವನ ತಾಯಿ ಮಗನ ಹೆಸರಿರುವ ಅಂಗಿ ತೊಟ್ಟೇ ಕೆಲಸಕ್ಕೆ ಹೋಗತೊಡಗಿದರು. ಮೂರನೆಯ ವರ್ಷ ಮೊಳಕಾಲಿನ ಲಿಗಮೆಂಟು ಹರಿಯಿತು. ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು ಹಿಂತಿರುಗಿದ. ಐದನೆಯ ವರ್ಷ ಭುಜ ಕಳಚಿತು, ಆಗಲೂ ಹಿಂತಿರುಗಿದ. ಪ್ರತಿ ಬೇಸಿಗೆಯಲ್ಲೂ ಹೊಸ ಹುಡುಗರು ಬರುತ್ತಿದ್ದರು, ಅವರ ಮೊಳಕಾಲುಗಳು ಸದ್ದು ಮಾಡುತ್ತಿರಲಿಲ್ಲ. ಇಪ್ಪತ್ತೊಂಬತ್ತನೆಯ ವಯಸ್ಸಿನ ಒಂದು ಬೆಳಿಗ್ಗೆ, ಬಟ್ಟೆ ಬದಲಿಸುತ್ತಿದ್ದವನ ಭುಜವನ್ನು ಯಾರೋ ಮೆಲ್ಲಗೆ ತಟ್ಟಿ, ಆಟದ ನಕ್ಷೆಗಳಿದ್ದ ಪುಸ್ತಕವನ್ನು ತಂದೊಪ್ಪಿಸಲು ಹೇಳಿದರಂತೆ; ತಂಡದಿಂದ ಕೈಬಿಟ್ಟರೆಂದೇ ಅದರ ಅರ್ಥ. ಅವನು ಅದನ್ನು ಒಪ್ಪಿಸಿ ಹಿಂತಿರುಗುವಷ್ಟರಲ್ಲಿ ಕಪಾಟಿನ ಮೇಲಿದ್ದ ಅವನ ಹೆಸರಿನ ಪಟ್ಟಿ ಇರಲಿಲ್ಲ.

ಬದುಕನ್ನು ಮುಗಿಸಲೆಂದು ಕಾಶಿಗೆ ಬರುವವರನ್ನು ನಾನು ದಿನವೂ ನೋಡುತ್ತೇನೆ. ಗಂಗಮ್ಮಜ್ಜಿ ಎಪ್ಪತ್ತು ವರ್ಷ ಬಾಳಿ, ಇನ್ನು ಸಾಕೆಂದು ಗಂಟು ಕಟ್ಟಿಕೊಂಡು ಬಂದವರು. ಇಪ್ಪತ್ತೊಂಬತ್ತಕ್ಕೇ ಎಲ್ಲ ಮುಗಿಸಿ, ಮುಂದಿನ ನಲವತ್ತು ವರ್ಷಗಳನ್ನು ಏನು ಮಾಡಬೇಕೆಂದು ತಿಳಿಯದೆ ಬಂದವನನ್ನು ನೋಡಿದ್ದು ಅದೇ ಮೊದಲು. ಆದರೆ ನನ್ನನ್ನು ಕಾಡಿದ್ದು ಅದಲ್ಲ. ಒಂದು ದಿನ ಅವನು ಅಂಗಾತ ಮಲಗಿ, ಚಾವಣಿಯನ್ನು ನೋಡುತ್ತ ಹೇಳಿದ ಮಾತು.

"ನನ್ನ ಅತ್ಯುತ್ತಮ ಓಟ ನನಗೆ ನೆನಪಿಲ್ಲ."

ಆ ಪಂದ್ಯದ ಮೊದಲರ್ಧದಲ್ಲಿ ಅವನ ತಲೆಗೆ ಬಲವಾದ ಪೆಟ್ಟು ಬಿದ್ದಿತ್ತು. ಯಾರಿಗೂ ಹೇಳಲಿಲ್ಲ. ಅಂಥ ಹೊತ್ತಿನಲ್ಲಿ ತಂಡದ ವೈದ್ಯರು ಕೇಳುವ ಪ್ರಶ್ನೆಗಳ ಉತ್ತರಗಳನ್ನು ಮೊದಲೇ ಉರು ಹೊಡೆದಿದ್ದ. ವರ್ಷದ ಆರಂಭದ ನೆನಪಿನ ಪರೀಕ್ಷೆಯಲ್ಲಿ ಬೇಕೆಂದೇ ಕಡಿಮೆ ಅಂಕ ತೆಗೆದಿದ್ದ, ಪೆಟ್ಟು ಬಿದ್ದ ಮೇಲೆ ವ್ಯತ್ಯಾಸ ಕಾಣಬಾರದೆಂದು. ದ್ವಿತೀಯಾರ್ಧದಲ್ಲಿ ಮೈದಾನದ ಈ ತುದಿಯಿಂದ ಆ ತುದಿಯವರೆಗೆ ಓಡಿ ಗೆಲ್ಲಿಸಿದ. ಇಂದಿಗೂ ಜನ ರಸ್ತೆಯಲ್ಲಿ ತಡೆದು ಆ ಓಟವನ್ನು ಅವನಿಗೇ ವರ್ಣಿಸುತ್ತಾರೆ. ಅವನು ಅದನ್ನು ಟೀವಿಯಲ್ಲಿ ಮಾತ್ರ ನೋಡಿದ್ದಾನೆ. "ಅಂಗಿಯ ಮೇಲೆ ನನ್ನ ಹೆಸರಿದೆ, ಹಾಗಾಗಿ ನಾನೇ ಇರಬೇಕು," ಎಂದ. ಈಗೀಗ ಕೆಲವು ಪದಗಳು ಸಿಗುವುದಿಲ್ಲ, ಅದಕ್ಕೆ ಭಯವಾಗುತ್ತದೆ ಎಂದೂ ಹೇಳಿದ.

ನನ್ನ ಕೈ ಅವನ ಮೊಳಕಾಲ ಮೇಲೆ ನಿಂತುಬಿಟ್ಟಿತು. ಯಾಕೆಂದರೆ ಆಗಲೇ ನನ್ನ ಮನೆಯಲ್ಲೂ ಒಂದು ತಲೆಗೆ ಪೆಟ್ಟು ಬಿದ್ದು ನಾಲ್ಕು ದಿನವಾಗಿತ್ತು.

ಮಗಳು ಮೇಘನಾಳಿಗೆ ಹತ್ತೊಂಬತ್ತು. ವಿಶ್ವವಿದ್ಯಾಲಯದ ಕಬಡ್ಡಿ ತಂಡದಲ್ಲಿ ರೇಡರ್; ಎದುರಾಳಿಗಳ ಅಂಕಣಕ್ಕೆ ಒಬ್ಬಳೇ ನುಗ್ಗಿ, ಮುಟ್ಟಿ, ಅವರ ಕೈಗೆ ಸಿಗದೆ ಮರಳುವವಳು. ಅವಳ ಓಟ ನೋಡುವಾಗ ನನ್ನ ಎದೆ ಎಷ್ಟು ಉಬ್ಬುತ್ತಿತ್ತೋ ಅಷ್ಟೇ ನಡುಗುತ್ತಿತ್ತು. ಆ ಭಾನುವಾರದ ಪಂದ್ಯದಲ್ಲಿ ಎದುರಾಳಿಯ ಮೊಳಕಾಲು ಅವಳ ಕಿವಿಯ ಮೇಲ್ಭಾಗಕ್ಕೆ ಬಡಿಯಿತು. ಎದ್ದಳು, ಆಡಿದಳು, ಕೊನೆಯ ರೇಡಿನಲ್ಲಿ ಒಮ್ಮೆಗೇ ಮೂವರನ್ನು ಮುಟ್ಟಿ ಬಂದು ತಂಡವನ್ನು ಗೆಲ್ಲಿಸಿದಳು. ಮನೆಗೆ ಬಂದವಳು ಟ್ಯೂಬ್‌ಲೈಟ್ ಆರಿಸಿದಳು. ಮಾರನೆಯ ಬೆಳಿಗ್ಗೆ ವಾಂತಿ ಮಾಡಿಕೊಂಡಳು.

"ತಲಿ ನೋಯಾಕತ್ತದೇನು?" ಎಂದೆ.

"ಅರೆ, ಕುಛ್ ನಹೀಂ ಅಮ್ಮ. ಸಮೋಸಾ ತಿಂದಿದ್ದೆ, ಬಸ್. ನೀ ಕೋಚ್‌ಗೆ ಏನೂ ಹೇಳಬೇಡ, ಪ್ಲೀಸ್. ಹತ್ತು ದಿನಕ್ಕೆ ರಾಜ್ಯ ತಂಡದ ಸೆಲೆಕ್ಷನ್ ಇದೆ."

ಅವಳು ಹೋಗಬೇಕಾದರೆ ದೈಹಿಕವಾಗಿ ಸಮರ್ಥಳೆಂಬ ಪತ್ರ ಬೇಕಿತ್ತು. ಇಡೀ ತಂಡದ ಪತ್ರಗಳನ್ನು ಬರೆದುಕೊಡುತ್ತಿದ್ದವಳು ನಾನೇ. ಕೈಕಾಲು ನೋಡಿದೆ, ಕಣ್ಣಿಗೆ ಬೆಳಕು ಬಿಟ್ಟು ನೋಡಿದೆ, ದಿನ ಯಾವುದು, ವಾರ ಯಾವುದು ಎಂದು ಕೇಳಿದೆ. ಎಲ್ಲಕ್ಕೂ ಪಟಪಟನೆ ಉತ್ತರಿಸಿದಳು. ನಾನು ಸಹಿ ಹಾಕಿದೆ. ತಾಯಿಯಾಗಿ ಹೆದರಿದ್ದೆ, ವೈದ್ಯವೃತ್ತಿಯವಳಾಗಿ ಅನುಮಾನಿಸಿದ್ದೆ. ಆದರೂ ಸಹಿ ಹಾಕಿದೆ. ಅವಳ ಗೆಲುವು ನನಗೂ ಬೇಕಾಗಿತ್ತೆಂಬುದನ್ನು ಬಿಟ್ಟರೆ ಅದಕ್ಕೆ ಬೇರೆ ಕಾರಣವನ್ನು ನಾನು ಇಂದಿಗೂ ಕಂಡುಕೊಂಡಿಲ್ಲ.

ವೆಂಡೆಲ್‌ನ ಮಾತು ಕೇಳುವ ಹೊತ್ತಿಗೆ ಆ ಪತ್ರ ಕೋಚ್‌ನ ಕೈ ಸೇರಿತ್ತು. ಮುಂದಿನ ಸಲ ಅವನು ಬಂದಾಗ, ಮಗಳ ವಿಷಯವೆಲ್ಲವನ್ನೂ ಹೇಳಿಬಿಟ್ಟೆ. ಅವನು ಎದ್ದು ಕೂತ. "ಅವಳ ಜೊತೆ ನಾನೊಮ್ಮೆ ಮಾತಾಡಬಹುದೆ?" ಎಂದ.

ಮೇಘನಾ ಕಾಲೇಜಿನಿಂದ ನೇರ ಬಂದಳು, ಒಳಗೂ ಕಪ್ಪು ಕನ್ನಡಕ ತೆಗೆಯಲಿಲ್ಲ. ವೆಂಡೆಲ್ ಬುದ್ಧಿವಾದ ಹೇಳಲಿಲ್ಲ, ದಿನ ವಾರ ಕೇಳಲಿಲ್ಲ. ತಾನೂ ಆಟಗಾರನಾಗಿದ್ದೆ ಎಂದು ಹೇಳಿ, ಇಂಗ್ಲಿಷಿನಲ್ಲಿ ಇಷ್ಟೇ ಕೇಳಿದ: "ಆ ಕೊನೆಯ ರೇಡನ್ನು ನನಗೆ ಹೇಳುತ್ತೀಯಾ?"

ಅವಳ ಮುಖ ಅರಳಿತು. ಎಡಗಡೆಯವಳನ್ನು ಕಾಲಿನಿಂದ ಮುಟ್ಟಿದ್ದು, ಹಿಂದಿನಿಂದ ಸೊಂಟ ಹಿಡಿಯಲು ಬಂದವಳಿಂದ ಜಾರಿದ್ದು, ಗೆರೆಯ ಮೇಲೆ ಬೆರಳು ಚಾಚಿ ಬಿದ್ದದ್ದು, ಎಲ್ಲವನ್ನೂ ಕೈಯಾಡಿಸಿ ವರ್ಣಿಸಿದಳು.

"ನಿನ್ನ ಹಿಂದೆ ಬಂದವಳನ್ನು ನೀನು ಹೇಗೆ ನೋಡಿದೆ?" ಎಂದು ವೆಂಡೆಲ್ ಕೇಳಿದ. ದನಿಯಲ್ಲಿ ಗದರಿಕೆಯಿರಲಿಲ್ಲ.

ಗಾಳಿಯಲ್ಲಿ ಆಡುತ್ತಿದ್ದ ಕೈಗಳನ್ನು ಮೇಘನಾ ಮಡಿಲಿಗೆ ಇಳಿಸಿದಳು.

"ಅವಳ ಕೈ ನಿನ್ನ ಸೊಂಟಕ್ಕೆ ತಾಗಿತ್ತೆ? ತಣ್ಣಗಿತ್ತೆ, ಬಿಸಿಯಿತ್ತೆ? ಬಿದ್ದಾಗ ಬಾಯಿಗೆ ಮಣ್ಣು ಹೋಯಿತೆ?" ಕೊನೆಗೆ ಕೇಳಿದ: "ನೀನು ನೋಡಿದ ವಿಡಿಯೋ ಯಾರ ಮೊಬೈಲಿನಲ್ಲಿದೆ?"

"ನನ್ನ ಗೆಳತಿಯದರಲ್ಲಿ," ಎಂದಳು ಮೇಘನಾ. ಕನ್ನಡಕದ ಕೆಳಗಿನಿಂದ ನೀರು ಇಳಿಯಿತು. ನನ್ನ ಕಡೆ ತಿರುಗಿ, ಇಂಗ್ಲಿಷ್ ಬಿಟ್ಟು, ಹಿಂದಿಯನ್ನೂ ಬಿಟ್ಟು ಹೇಳಿದಳು: "ಅಮ್ಮ, ನಂಗೇನೂ ನೆನಪಿಲ್ಲ. ಮ್ಯಾಚ್ ಮುಗಿದು ಬಸ್ ಹತ್ತಿದ್ದು ಅಷ್ಟೇ ನೆನಪು."

ಸಂಜೆಯೊಳಗೆ ಅವಳನ್ನು ಆಸ್ಪತ್ರೆಗೆ ಕರೆದೊಯ್ದೆ. ನರರೋಗ ತಜ್ಞರು ಪರೀಕ್ಷಿಸಿ, ರಕ್ತಸ್ರಾವವಿಲ್ಲವೆಂದು ಧೈರ್ಯ ಹೇಳಿದರು. ಆದರೆ ಈ ಪೆಟ್ಟು ಮಾಯುವ ಮೊದಲೇ ಇನ್ನೊಂದು ಬಿದ್ದರೆ ಏನಾದೀತೆಂದು ಹೇಳಲಾಗದೆಂದರು. ಕೋಚ್‌ನ ಮನೆಗೆ ಹೋಗಿ ನಾನು ಸಹಿ ಹಾಕಿದ್ದ ಪತ್ರವನ್ನು ವಾಪಸು ಕೇಳಿ, ಅವರ ಎದುರಿಗೇ ಹರಿದೆ. ಇನ್ನು ಮುಂದೆ ತಂಡದ ಪತ್ರಗಳನ್ನು ಬೇರೆಯವರಿಂದ ಬರೆಸಿಕೊಳ್ಳಿ ಎಂದೆ. ಮೇಘನಾಳ ಜಾಗಕ್ಕೆ ಇನ್ನೊಬ್ಬ ಹುಡುಗಿ ಹೋದಳು, ಆಯ್ಕೆಯೂ ಆದಳು. ಎರಡು ತಿಂಗಳು ನನ್ನ ಮಗಳು ಕಿಟಕಿಗೆ ದಪ್ಪ ಪರದೆ ಹಾಕಿಕೊಂಡು ಮಲಗಿದಳು. ಓದು ಇಲ್ಲ, ಮೊಬೈಲು ಇಲ್ಲ, ನನ್ನೊಡನೆ ಮಾತೂ ಇಲ್ಲ. ಅವಳಿಗೆ ಸಿಟ್ಟಿದ್ದದ್ದು ಪತ್ರ ಹರಿದದ್ದಕ್ಕೋ, ಮೊದಲು ಸಹಿ ಹಾಕಿದ್ದಕ್ಕೋ, ಕೇಳಲು ನನಗೆ ಧೈರ್ಯವಾಗಲಿಲ್ಲ. ತಟ್ಟೆ ಇಡಲು ಹೋದಾಗಲೆಲ್ಲ ಅವಳ ಉಸಿರನ್ನು ಎಣಿಸಿಕೊಂಡು ಬರುತ್ತಿದ್ದೆ. ಗಂಗಮ್ಮಜ್ಜಿ ಮಾತ್ರ ಕೋಲೂರಿಕೊಂಡು ಬಂದು ಅವಳ ಪಕ್ಕ ಕೂತು, ತಮ್ಮ ಊರಿನ ಎಮ್ಮೆಗಳ ಸುದ್ದಿ ಹೇಳಿ ಹೋಗುತ್ತಿದ್ದರು.

ವೆಂಡೆಲ್ ಬೇಸಿಗೆ ಶುರುವಾಗುವ ಮೊದಲೇ ತನ್ನೂರಿಗೆ ಮರಳಿದ. ಹೊರಡುವ ಹೊತ್ತಿಗೆ ಹತ್ತು ನಿಮಿಷ ನೆಲದ ಮೇಲೆ ಕೂರಬಲ್ಲವನಾಗಿದ್ದ. ತಲೆಯನ್ನು ವೈದ್ಯರಿಗೆ ತೋರಿಸಿಕೊಳ್ಳುತ್ತೇನೆಂದು ನನಗೆ ಮಾತು ಕೊಟ್ಟ. ಮಳೆಗಾಲ ಕಳೆದ ಮೇಲೆ, ವೈದ್ಯರು ಮೂರು ಸಲ ನೋಡಿ ಒಪ್ಪಿದ ಬಳಿಕ, ಮೇಘನಾ ಮತ್ತೆ ಅಂಕಣಕ್ಕಿಳಿದಳು. ಬೇಡವೆನ್ನುವ ಹಕ್ಕು ನನಗಿತ್ತೋ ಇಲ್ಲವೋ, ನಾನು ಬೇಡವೆನ್ನಲಿಲ್ಲ. ಬೆಂಚಿನ ಮೇಲೆ ಕೂತು ನಾನು ಅವಳ ಕಾಲನ್ನು ನೋಡುವುದೇ ಇಲ್ಲ, ತಲೆಯನ್ನೇ ನೋಡುತ್ತಿರುತ್ತೇನೆ. ಮೊನ್ನೆ ಯಾರೋ ಕಾಲೆಳೆದು ಕೆಡವಿದಾಗ ಅವಳೇ ಕೈಯೆತ್ತಿ ಹೊರಗೆ ಬಂದು, "ತಲೆಗೆ ತಾಗಿತಾ ಅಂತ ಡೌಟು, ನೋಡಿ," ಎಂದು ವೈದ್ಯರ ಮುಂದೆ ನಿಂತಳು. ಏನೂ ಆಗಿರಲಿಲ್ಲ.

ದೀಪಾವಳಿ ಕಳೆದ ವಾರ, ನಾವು ತಿಂಡಿ ತಿನ್ನುತ್ತಿರುವಾಗ ವೆಂಡೆಲ್‌ನ ಫೋನು ಬಂತು. ಮುಖ ಕಾಣುವಂತೆ ಮೊಬೈಲನ್ನು ಡಬ್ಬಿಗೆ ಒರಗಿಸಿಟ್ಟೆ. ಅವನು ಮೊದಲು ಕೇಳಿದ್ದೇ, "ಹುಡುಗಿ ಹೇಗಿದ್ದಾಳೆ? ಮತ್ತೆ ಆಡುತ್ತಿದ್ದಾಳಾ?" ಎಂದು. ಹೇಳಿದೆ. ಬಹಳ ಸಂತೋಷಪಟ್ಟ. ತಾಯಿಯ ಸುದ್ದಿ ಹೇಳಿದ, ಅಲ್ಲಿಯ ಚಳಿಯ ಸುದ್ದಿ ಹೇಳಿದ, ಗಂಗಮ್ಮಜ್ಜಿಯನ್ನು ಕೇಳಿದ. ಆಮೇಲೆ ಮುಂದೆ ಬಾಗಿ, ಅದೇ ಕಾಳಜಿಯಿಂದ ಕೇಳಿದ: "ಅಂದಹಾಗೆ, ಹುಡುಗಿ ಹೇಗಿದ್ದಾಳೆ? ಮತ್ತೆ ಆಡುತ್ತಿದ್ದಾಳಾ?"

ಮೇಘನಾ ಎಂಜಲು ಕೈಯಲ್ಲೇ ಎದ್ದು ಬಂದು ನನ್ನ ಪಕ್ಕ ಕೂತಳು, ಮೊಬೈಲನ್ನು ತನ್ನತ್ತ ತಿರುಗಿಸಿಕೊಂಡಳು.

"ಚೆನ್ನಾಗಿದ್ದೇನೆ," ಎಂದಳು, ಮೊದಲ ಸಲ ಕೇಳಿದವನಿಗೆ ಹೇಳುವಂತೆ. "ಮೊನ್ನೆಯ ಒಂದು ರೇಡ್ ಹೇಳಲಾ? ಇದು ನನಗೆ ನೆನಪಿದೆ." ಅವನು ಹೂಂ ಎಂದ. ಕಾಲಿಗೆ ತಗುಲಿದ ಮಣ್ಣಿನ ತಂಪು, ಎದುರಿನವಳ ಬೆವರು, ಕೊನೆಗೆ ಗೆರೆ ಮುಟ್ಟಿದಾಗ ಉಗುರು ಕಿತ್ತುಬಂದ ಉರಿ, ಒಂದನ್ನೂ ಬಿಡದೆ ನಿಧಾನವಾಗಿ ಹೇಳತೊಡಗಿದಳು.